ಅರಸನ ಲೆಕ್ಕ ಒಪ್ಪಿಸಿ ಬಂದ ಹಂಪೆಯ ಹರಿಹರದೇವರು

ಬೆಂಗಳೂರು, ಚಳ್ಳಕೆರೆ ಕಡೆಯಿಂದ ಬರುವ ಯಾತ್ರಿಕರು ಹಲಕುಂದಿ ದಾಟಿ ಬಳ್ಳಾರಿ ಸೇರಿ, ಅಲ್ಲಿಂದ ಹೊಸಪೇಟೆ ರಸ್ತೆ ಹಿಡಿದು ಹಂಪೆಗೆ ಬರುತ್ತಾರೆ. ಕುರುಗೋಡು, ಸಿರುಗುಪ್ಪ ಕಡೆಯವರಿಗೆ ಕಂಪ್ಲಿ ದಾರಿ. ಚೈತ್ರ ಮಾಸದ ತೇರಿಗೆ ಬಂದವರು ತುಂಗಭದ್ರೆಯಲ್ಲಿ ಮಿಂದು, ವಿರೂಪಾಕ್ಷನಿಗೆ ಕಾಯಿ ಒಡೆಸಿ, ಹೇಮಕೂಟದ ಬಂಡೆ ಹತ್ತಿ ನೆರಳು ನೋಡಿಕೊಂಡು ಬುತ್ತಿ ಬಿಚ್ಚುತ್ತಾರೆ. ಅಲ್ಲಿ ಕೂತು ನೋಡಿದರೆ ಕಣ್ಣಿಗೆ ಬೀಳುವುದೆಲ್ಲ ರಾಯರ ಕಾಲದ ವೈಭವ. ಮಾತೂ ಕೃಷ್ಣದೇವರಾಯನದೇ. ತಪ್ಪೇನಿಲ್ಲ. ಆದರೆ ಆ ರಾಯನಿಗಿಂತ ಸುಮಾರು 300 ವರ್ಷ ಮೊದಲು, 1336ರಲ್ಲಿ ವಿಜಯನಗರ ಹುಟ್ಟುವುದಕ್ಕೂ ಮುಂಚೆ, ಇದೇ ಗುಡ್ಡದ ಬುಡದಲ್ಲಿ ಒಬ್ಬ ಮಹಾನುಭಾವರು ಬಾಳಿದರು. ಅವರು ಅರಸರಲ್ಲ. ಅರಸರ ಕೆಲಸ ಬಿಟ್ಟು ಬಂದವರು.

ಅವರೇ ಹರಿಹರದೇವರು. ಹರೀಶ್ವರರು ಅಂತಲೂ ಕರೆಯುತ್ತಾರೆ. ಹುಟ್ಟೂರು ಹಂಪೆಯೇ. ತಂದೆ ಮಹಾದೇವ, ತಾಯಿ ಶರ್ವಾಣಿ, ತಂಗಿ ರುದ್ರಾಣಿ. ಗುರುಗಳು ಮಾಯಿದೇವರು. ಇವರು ಇದ್ದದ್ದು 12ನೇ ಶತಮಾನದ ಕೊನೆಯಲ್ಲೋ 13ರ ಮೊದಲಲ್ಲೋ ಅಂತ ಪಂಡಿತರಲ್ಲಿ ಇವತ್ತಿಗೂ ವಾದ ಇದೆ. ಆಗ ಈ ಸೀಮೆಯಲ್ಲಿ ಕುರುಗೋಡಿನ ಸಿಂದರು ಸಾಮಂತರಾಗಿದ್ದರು. ದಕ್ಷಿಣದಲ್ಲಿ ಹೊಯ್ಸಳರು ದೊಡ್ಡ ಅರಸರು. ಅವರ ರಾಜಧಾನಿ ದೋರಸಮುದ್ರ, ಅಂದ್ರೆ ಇಂದಿನ ಹಳೇಬೀಡು.

ಹರಿಹರದೇವರು ಹೊಟ್ಟೆಪಾಡಿಗೆ ಆ ದೋರಸಮುದ್ರಕ್ಕೆ ಹೋಗಿ ನರಸಿಂಹ ಬಲ್ಲಾಳರಾಯನ ಅರಮನೆಯಲ್ಲಿ ಕರಣಿಕರಾದರು. ಕರಣಿಕ ಅಂದರೆ ಲೆಕ್ಕಪತ್ರ ಬರೆಯುವವನು. ಸಣ್ಣ ಕೆಲಸ ಅಲ್ಲ ನೋಡ್ರಿ. ಯಾವ ಊರಿನಿಂದ ಎಷ್ಟು ತೆರಿಗೆ ಬಂತು, ಯಾರಿಗೆ ಎಷ್ಟು ಹೋಯಿತು, ರಾಜ್ಯದ ಒಳಗುಟ್ಟೆಲ್ಲ ಕರಣಿಕನ ಕೈಯಲ್ಲೇ ಇರುತ್ತಿತ್ತು. ಅಂಥವನ ಮೇಲೆ ಅರಸನ ಕಣ್ಣೂ ಇರುತ್ತಿತ್ತು.

ಮುಂದೆ ನಡೆದದ್ದನ್ನು ಹಿರಿಯರು ಹೇಳುತ್ತ ಬಂದಿದ್ದಾರೆ. ಒಂದು ದಿನ ತುಂಬಿದ ಸಭೆಯಲ್ಲಿ ಹರಿಹರದೇವರು ಇದ್ದಕ್ಕಿದ್ದಂತೆ ಎರಡೂ ಕೈ ಉಜ್ಜಿದರಂತೆ. ಏನಿದು ಅಂತ ರಾಯ ಕೇಳಿದ. ಹಂಪೆಯಲ್ಲಿ ಆರತಿಯ ಕಿಡಿ ವಿರೂಪಾಕ್ಷನ ಮುಂದಿನ ತೆರೆಗೆ ತಾಗಿ ಬೆಂಕಿ ಹತ್ತಿತ್ತು, ಅದನ್ನು ನಂದಿಸಿದೆ ಅಂತ ಇವರು ಹೇಳಿದರು. ಸಭೆ ನಕ್ಕಿತು, ಹುಚ್ಚು ಹಿಡಿದಿದೆ ಅಂದಿತು. ವಿಚಾರಿಸಿ ನೋಡಿದರೆ ಅದೇ ಹೊತ್ತಿಗೆ ಹಂಪೆಯಲ್ಲಿ ತೆರೆ ಸುಟ್ಟದ್ದು ನಿಜವಾಗಿತ್ತು. ಇಂಥವರನ್ನು ಚಾಕರಿಯಲ್ಲಿ ಇಟ್ಟುಕೊಳ್ಳಬಾರದು ಅಂತ ತಿಳಿದು ರಾಯ ಅವರನ್ನು ಗೌರವದಿಂದ ಕಳಿಸಿಕೊಟ್ಟ ಎಂಬ ಪ್ರತೀತಿ ಇದೆ.

ಪವಾಡವನ್ನು ನಂಬುವವರು ನಂಬಲಿ, ಬಿಡುವವರು ಬಿಡಲಿ. ಕಥೆಯ ಒಳಗೆ ಒಂದು ಮಾತಿದೆ, ಅದನ್ನು ಗಮನಿಸಬೇಕು. ದೇಹ ಅರಸನ ಸಭೆಯಲ್ಲಿದೆ, ಕೈ ಅರಸನ ಲೆಕ್ಕ ಬರೆಯುತ್ತಿದೆ, ಮನಸ್ಸು ಮಾತ್ರ ಸುಮಾರು 300 ಕಿಲೋಮೀಟರ್ ದೂರದ ತನ್ನ ಊರಿನಲ್ಲಿದೆ. ಸಂಬಳ ಕೊಟ್ಟವನು ಎಲ್ಲಿಯವರೆಗೆ ಒಡೆಯ? ಕೈಯ ಮಟ್ಟಿಗೋ, ಮನಸ್ಸಿಗೂ ಸೇರಿಯೋ? ಹರಿಹರದೇವರು ಅರಸನ ಮೇಲೆ ದಂಗೆ ಏಳಲಿಲ್ಲ, ಬೈಯಲಿಲ್ಲ. ಲೆಕ್ಕ ಒಪ್ಪಿಸಿ ಊರ ದಾರಿ ಹಿಡಿದರು.

ಹಂಪೆಗೆ ಬಂದವರು ವಿರೂಪಾಕ್ಷನ ಸೇವೆಯಲ್ಲಿ ನಿಂತರು. ಹೂ ಬಿಡಿಸುವುದು, ಮಾಲೆ ಕಟ್ಟುವುದು ಅವರಿಗೆ ಎಷ್ಟು ಇಷ್ಟದ ಕೆಲಸವಾಗಿತ್ತು ಅಂದರೆ ಅದರ ಮೇಲೆಯೇ ಪುಷ್ಪರಗಳೆ ಬರೆದರು. ಬೆಳಗಿನ ಜಾವ ತೋಟಕ್ಕೆ ಹೋಗಿ ಗಿಡಗಿಡವನ್ನೂ ಮಾತನಾಡಿಸಿ ಹೂ ಕೇಳುವ ಭಕ್ತ ಅದರಲ್ಲಿದ್ದಾನೆ.

ಬಿಟ್ಟು ಬಂದದ್ದು ಅರ್ಧ ಕೆಲಸ. ಇನ್ನರ್ಧ ಅದಕ್ಕಿಂತ ಕಷ್ಟದ್ದು. ಆ ಕಾಲದಲ್ಲಿ ಕವಿ ಅಂದರೆ ಅರಸನ ಆಸರೆಯಲ್ಲಿ ಇರುವವನು. ಪಂಪ ಮಹಾಕವಿ 941ರಲ್ಲಿ ಭಾರತ ಬರೆದಾಗ ತನ್ನ ಒಡೆಯ ಅರಿಕೇಸರಿಯನ್ನೇ ಅರ್ಜುನನ ಜಾಗದಲ್ಲಿ ಕೂರಿಸಿದ. ರನ್ನನ ಗದಾಯುದ್ಧದಲ್ಲಿ ಭೀಮನ ಜೊತೆ ಸತ್ಯಾಶ್ರಯ ಚಕ್ರವರ್ತಿ ಬಂದ. ದೋರಸಮುದ್ರದಲ್ಲೇ ವೀರಬಲ್ಲಾಳನಿಂದ ಜನ್ನ ಕವಿಚಕ್ರವರ್ತಿ ಎಂಬ ಬಿರುದು ಪಡೆದ. ಇವರೆಲ್ಲ ಮಹಾಕವಿಗಳೇ, ಅವರನ್ನು ಹಳಿಯುವ ಮಾತಿಲ್ಲ. ಆದರೆ ಅರಸ ರೈತನಿಂದ ಧಾನ್ಯ ತೆಗೆದುಕೊಂಡ ಹಾಗೆ ಕವಿಯಿಂದ ಹೊಗಳಿಕೆ ತೆಗೆದುಕೊಳ್ಳುತ್ತಿದ್ದ. ಅದೂ ಒಂದು ತೆರಿಗೆಯೇ. ಹರಿಹರದೇವರು ಆ ತೆರಿಗೆ ಕಟ್ಟುವುದಿಲ್ಲ ಅಂದರು. ಪಂಪಾಶತಕದಲ್ಲಿ, ವಿರೂಪಾಕ್ಷನನ್ನು ಹೊಗಳುವ ಈ ನಾಲಗೆಯಿಂದ ಸಾಯುವ ಮನುಷ್ಯರನ್ನು ಹೊಗಳುವುದಿಲ್ಲ ಅಂತ ಪಟ್ಟು ಹಿಡಿದಿದ್ದಾರೆ.

ಅರಸರನ್ನು ಬಿಟ್ಟ ಮೇಲೆ ಯಾರ ಕಥೆ ಹೇಳುವುದು? ಕುಂಬಾರ ಗುಂಡಯ್ಯನದು, ಮಾದಾರ ಚೆನ್ನಯ್ಯನದು, ಬೇಡರ ಕಣ್ಣಪ್ಪನದು. ಹೀಗೆ ನೂರಕ್ಕೂ ಹೆಚ್ಚು ಶರಣರ ರಗಳೆಗಳು. ಅಲ್ಲಿಯವರೆಗೆ ಚಂಪೂ ಕಾವ್ಯದ ನಡುವೆ ಅಲ್ಲಲ್ಲಿ ಬರುತ್ತಿದ್ದ ರಗಳೆಯನ್ನು ಇವರು ಇಡೀ ಕಾವ್ಯಕ್ಕೇ ಬಳಸಿದರು. ಪಂಡಿತರು ರಗಳೆಯ ಕವಿ ಅಂತ ಹಗುರ ಮಾಡಿದರಂತೆ. (ನಮ್ಮ ಮನೆಗಳಲ್ಲಿ ಈಗಲೂ ಪೀಕಲಾಟಕ್ಕೆ ರಗಳೆ ಅನ್ನುತ್ತೇವಲ್ಲ!) ಅವರ ಬಾಯಿ ಮುಚ್ಚಿಸಲು ಗಿರಿಜಾಕಲ್ಯಾಣವೆಂಬ ಚಂಪೂ ಬರೆದು ಕೊಟ್ಟರು ಅಂತ ಹೇಳುತ್ತಾರೆ.

ಈ ರಗಳೆಗಳಲ್ಲಿ ಅರಸರೂ ಬರುತ್ತಾರೆ, ಆದರೆ ಹೊಗಳಿಸಿಕೊಳ್ಳಲು ಅಲ್ಲ. ಮಹಾದೇವಿಯಕ್ಕನ ರಗಳೆ ನೋಡಿ. ಉಡುತಡಿಯ ಕೌಶಿಕ ಮಹಾರಾಜ ಅಕ್ಕನನ್ನು ಬಯಸಿದ. ಅರಸನ ಮಾತು ಮೀರಿದರೆ ಹೆತ್ತವರಿಗೆ ಉಳಿಗಾಲ ಇಲ್ಲ. ಅಕ್ಕ ಒಪ್ಪಿದಳು, ಆದರೆ ಕರಾರು ಹಾಕಿದಳು. ನಾನು ಶಿವಪೂಜೆಯಲ್ಲಿ, ಶರಣರ ಗೋಷ್ಠಿಯಲ್ಲಿ, ಗುರುಸೇವೆಯಲ್ಲಿ ಇಚ್ಛೆ ಬಂದಂತೆ ಇರುವೆ, ನೀನು ಅಡ್ಡ ಬರಬಾರದು, ಮೂರು ತಪ್ಪಿನವರೆಗೆ ಸೈರಿಸುವೆ ಅಂತ. ಕೌಶಿಕ ಮೂರನ್ನೂ ಮುರಿದ. ಅಕ್ಕ ಉಟ್ಟದ್ದನ್ನೂ ಬಿಟ್ಟು ಶ್ರೀಶೈಲದ ದಾರಿ ಹಿಡಿದಳು. ನಾಡನ್ನೇ ಆಳುವ ದೊರೆಗೆ ಒಬ್ಬ ಹೆಣ್ಣುಮಗಳು ಗೆರೆ ಎಳೆದು ತೋರಿಸಿ, ದಾಟಿದರೆ ನಾನಿಲ್ಲ ಅಂದದ್ದು. ಅಕ್ಕನ ಚರಿತ್ರೆ ಹೇಳುವ ಕಾವ್ಯಗಳಲ್ಲಿ ಇದೇ ಮೊದಲನೆಯದು.

ಬಸವರಾಜದೇವರ ರಗಳೆಯಲ್ಲಿ ಬಸವಣ್ಣನವರು ಬಿಜ್ಜಳನ ಕಡೆ ಸೇರುವುದೂ ಲೆಕ್ಕದ ಕೆಲಸಕ್ಕೇ. ಕರಣಿಕರ ಲೆಕ್ಕದ ತಪ್ಪು ಹಿಡಿದು ತೋರಿಸಿ ಮುಂದೆ ಭಂಡಾರಿಯಾದರು. ಭಂಡಾರದ ಹಣವನ್ನು ಜಂಗಮರಿಗೆ ಸುರಿಯುತ್ತಿದ್ದಾನೆ ಅಂತ ಚಾಡಿ ಹೇಳಿದವರಿದ್ದರು. ತೆಗೆದು ಎಣಿಸಿದರೆ ಒಂದು ಹೊನ್ನೂ ಕಡಿಮೆ ಬರಲಿಲ್ಲ. ಈ ಭಾಗ ಓದುವಾಗ, ಬರೆದವರೂ ಒಂದು ಕಾಲಕ್ಕೆ ಅರಮನೆಯ ಕರಣಿಕರು ಅನ್ನುವುದನ್ನು ನೆನಪಿಡಬೇಕು. ಕೇಶಿರಾಜ ದಣ್ಣಾಯಕರ ರಗಳೆಯಲ್ಲೂ ಹಾಗೇ. ಪೆರ್ಮಾಡಿರಾಯನ ಮಂತ್ರಿ ಶಿವಪೂಜೆಗಾಗಿ ಅಧಿಕಾರವನ್ನೇ ಕಳಚಿಟ್ಟು ಹೊರಟುಬಿಡುತ್ತಾರೆ. ಕೊನೆಗೆ ರಾಯನೇ ಮತ್ತೆ ಕರೆಯಬೇಕಾಯಿತು.

ಇಷ್ಟು ಹೇಳಿದ ಮೇಲೆ ರಾಘವಾಂಕನ ಪ್ರಸಂಗ ಬಿಡುವಂತಿಲ್ಲ. ಅವನು ತಂಗಿ ರುದ್ರಾಣಿಯ ಮಗ, ಸೋದರಮಾವನೇ ಅವನಿಗೆ ಗುರು. ಹರಿಶ್ಚಂದ್ರ ಕಾವ್ಯ ಬರೆದು ದೇವರಾಜನೆಂಬ ಅರಸನ ಸಭೆಯಲ್ಲಿ ಓದಿ ಮೆಚ್ಚುಗೆ ಪಡೆದು ಬಂದ. ಮನುಷ್ಯನನ್ನು, ಅದರಲ್ಲೂ ಅರಸನನ್ನು ಹಾಡಿದ್ದಾನೆ ಅಂತ ಮಾವನಿಗೆ ಸಿಟ್ಟು ಬಂತು. ಹೊಡೆದ ಪೆಟ್ಟಿಗೆ ಐದು ಹಲ್ಲು ಉದುರಿದವಂತೆ. ಆಮೇಲೆ ಸಿದ್ಧರಾಮ ಚರಿತೆ, ಸೋಮನಾಥ ಚರಿತೆ, ವೀರೇಶ ಚರಿತೆ ಮೊದಲಾದ ಐದು ಶಿವಕಾವ್ಯ ಬರೆದ ಮೇಲೆ ಒಂದೊಂದಾಗಿ ಹಲ್ಲು ಬಂದವು ಅಂತ ಕಥೆ.

ನಮ್ಮ ಹಿರಿಯರು ಇದನ್ನು ಗುರುಭಕ್ತಿಯ ಕಥೆ ಅಂತ ಹೇಳುತ್ತಾರೆ. ಕೇಳುವವರಿಗೆ ಸ್ವಲ್ಪ ಇರಿಸುಮುರಿಸೂ ಆಗುತ್ತದೆ, ಅದನ್ನು ಮುಚ್ಚಿಡುವುದೇಕೆ? ಅರಸನ ಹಂಗು ಬೇಡ ಅಂತ ಹೊರಟು ಬಂದವರು ಮನೆಯ ಹುಡುಗನ ಮೇಲೆ ಕೈ ಎತ್ತಿದರು. ಮಾವ ಹಾಕಿಕೊಂಡ ವ್ರತ ಮಾವನದು. ಅಳಿಯನೂ ಅದನ್ನೇ ಹೊರಬೇಕು ಅಂದರೆ ಅಲ್ಲೂ ಒಂದು ದರ್ಬಾರು ಬಂದ ಹಾಗಾಯಿತು. ಅಷ್ಟಕ್ಕೂ ಅಳಿಯ ಹಾಡಿದ್ದು ಸಿಂಹಾಸನದ ಮೇಲೆ ಮೆರೆಯುವ ಅರಸನನ್ನಲ್ಲ. ರಾಜ್ಯ ಹೋಗಿ, ಹೆಂಡತಿ ಮಗನನ್ನು ಮಾರಿ, ಕಾಶಿಯ ಸುಡುಗಾಡಿನಲ್ಲಿ ವೀರಬಾಹುಕನ ಆಳಾಗಿ ನಿಂತು, ಆಗಲೂ ಸುಳ್ಳು ಹೇಳಲು ಒಪ್ಪದವನನ್ನು. ಆ ಕಾವ್ಯವನ್ನು ಅವನು ಅರ್ಪಿಸಿದ್ದೂ ದೇವರಾಜನಿಗಲ್ಲ, ಮಾವ ದಿನಾ ಹೂ ಏರಿಸುತ್ತಿದ್ದ ಇದೇ ಪಂಪಾ ವಿರೂಪಾಕ್ಷನಿಗೆ.