ರೇ ಅವರ ಬೆಳಕು ಅಂತೀವಲ್ಲ, ಅದು ಸುಬ್ರತ ಮಿತ್ರ ಅವರ ಬೆಳಕು

ಎಂಜಿನಿಯರಿಂಗ್ ಓದುವಾಗ ಹಾಸ್ಟೆಲ್ ರೂಮಿನಲ್ಲಿ ಸತ್ಯಜಿತ್ ರೇ ಅವರ ‘ಅಪರಾಜಿತೋ’ ನೋಡಿದ್ದೆ. ಕಾಶಿಯ ಹಳೇ ಮನೆ, ಅದರ ಅಂಗಳಕ್ಕೆ ಮೇಲಿನಿಂದ ಇಳಿಯುವ ಮಬ್ಬು ಬೆಳಕು. ಅಲ್ಲೇ ಹೋಗಿ ಶೂಟ್ ಮಾಡಿದ್ದಾರೆ ಅಂತ ನಂಬಿದ್ದೆ. ಎಷ್ಟೋ ವರ್ಷ ಆದಮೇಲೆ ಗೊತ್ತಾಯ್ತು, ಆ ಅಂಗಳ ಕಲ್ಕತ್ತಾದ ಸ್ಟುಡಿಯೋ ಒಳಗೆ ಹಾಕಿದ ಸೆಟ್ಟು. ನನ್ನನ್ನು ಹೀಗೆ ನಂಬಿಸಿದ್ದು ಛಾಯಾಗ್ರಾಹಕ ಸುಬ್ರತ ಮಿತ್ರ.

ಮಿತ್ರ ಹುಟ್ಟಿದ್ದು 1930ರಲ್ಲಿ. ಫ್ರಾನ್ಸಿನ ನಿರ್ದೇಶಕ ಜಾನ್ ರೆನ್ವಾ ‘ದಿ ರಿವರ್’ ಚಿತ್ರೀಕರಣಕ್ಕೆ ಬಂಗಾಳಕ್ಕೆ ಬಂದಾಗ ಈ ಹುಡುಗ ಕೆಲಸ ಕೇಳಿಕೊಂಡು ಹೋದ. ಕೆಲಸ ಸಿಗಲಿಲ್ಲ, ನಿಂತು ನೋಡಲು ಅನುಮತಿ ಸಿಕ್ಕಿತು. ದೀಪ ಎಲ್ಲಿತ್ತು, ಕ್ಯಾಮೆರಾ ಎತ್ತ ಸರಿಯಿತು ಎಂದು ಎಲ್ಲವನ್ನೂ ಬರೆದಿಟ್ಟುಕೊಂಡ. ಆ ದಿನಗಳಲ್ಲೇ ಜಾಹೀರಾತು ಕಂಪನಿಯಲ್ಲಿದ್ದ ರೇ ಅವರ ಪರಿಚಯವಾಯಿತು. ಮೂವಿ ಕ್ಯಾಮೆರಾವನ್ನು ಒಮ್ಮೆಯೂ ನಡೆಸಿರದ ಅವನ ಕೈಗೆ ರೇ ‘ಪಥೇರ್ ಪಾಂಚಾಲಿ’ ಕೊಟ್ಟರು.

ಮುಂದಿನ ಚಿತ್ರವೇ 1956ರ ‘ಅಪರಾಜಿತೋ’. ಮಳೆಗಾಲದ ಭಯಕ್ಕೆ ಕಲಾ ನಿರ್ದೇಶಕ ಬನ್ಸಿ ಚಂದ್ರಗುಪ್ತ ಮನೆಯನ್ನು ಸ್ಟುಡಿಯೋ ಒಳಗೆ ಕಟ್ಟಲು ಹೊರಟರು. ಆಕಾಶದ ನೆರಳಿಲ್ಲದ ಬೆಳಕನ್ನು ಅಲ್ಲಿ ತರೋಕಾಗಲ್ಲ ಎಂದು ಮಿತ್ರ ವಿರೋಧಿಸಿದರು. ಯಾರೂ ಕೇಳಲಿಲ್ಲ. ಆಗ ಅವರು ಸೆಟ್ಟಿನ ಮೇಲೆ ಬಿಳಿ ಬಟ್ಟೆ ಬಿಗಿದು ಕಟ್ಟಿಸಿ, ಕೆಳಗಿನಿಂದ ದೀಪಗಳನ್ನು ಅದಕ್ಕೆ ಹಾಯಿಸಿದರು. ಬಟ್ಟೆಗೆ ಬಡಿದು ಚದುರಿದ ಬೆಳಕು ಅಂಗಳಕ್ಕೆ ಇಳಿಯಿತು. ಇವತ್ತು ಮದುವೆ ಫೋಟೋದವರು ಹಿಡಿಯುವ ಬಿಳಿ ಛತ್ರಿಯಲ್ಲೂ ಇರೋದು ಇದೇ ತತ್ವ.

ನನಗೆ ಇದು ಬರೀ ತಾಂತ್ರಿಕ ಜಾಣತನ ಅನ್ನಿಸಲ್ಲ. ಆಗಿನ ಸ್ಟುಡಿಯೋ ದೀಪಗಳು ಮೊದಲು ಹುಡುಕುತ್ತಿದ್ದುದು ಸ್ಟಾರ್ ಮುಖವನ್ನು. ಮಿತ್ರ ಅವರ ಬೆಳಕು ಬಡವರ ಮನೆಯ ಗೋಡೆ, ಪಾತ್ರೆ, ಮುದುಕಿ, ಮಗು ಎಲ್ಲದರ ಮೇಲೂ ಒಂದೇ ಥರ ಬಿತ್ತು. ಆ ಮನೆ ನಿಜ ಅನ್ನಿಸೋದು ಅದಕ್ಕೇ.

ಆದರೆ ಹೆಸರು? 1964ರ ‘ಚಾರುಲತಾ’ದಿಂದ ಕ್ಯಾಮೆರಾ ನಡೆಸುವ ಕೆಲಸವನ್ನು ರೇ ತಾವೇ ಕೈಗೆತ್ತಿಕೊಂಡರು. 1966ರ ‘ನಾಯಕ್’ ಇಬ್ಬರೂ ಸೇರಿ ಮಾಡಿದ ಕೊನೆಯ ಚಿತ್ರವಾಯಿತು. ಮಿತ್ರ ‘ತೀಸ್ರಿ ಕಸಮ್’ ಮಾಡಿದರು, ಮರ್ಚೆಂಟ್-ಐವರಿ ಜೋಡಿಯ ಚಿತ್ರಗಳನ್ನೂ ಮಾಡಿದರು. ಆಮೇಲೆ ಕೆಲಸ ವಿರಳವಾಯಿತು. ಛಾಯಾಗ್ರಹಣಕ್ಕೆ ರಾಷ್ಟ್ರ ಪ್ರಶಸ್ತಿ ಸಿಕ್ಕಿದ್ದು ಎಂಬತ್ತರ ದಶಕದ ‘ನ್ಯೂ ಡೆಲ್ಲಿ ಟೈಮ್ಸ್’ಗೆ. ಕೊನೆಯ ವರ್ಷಗಳಲ್ಲಿ ಅವರು ಪಾಠ ಮಾಡಿದ್ದು ಕೋಲ್ಕತ್ತಾದಲ್ಲಿ, ರೇ ಅವರದೇ ಹೆಸರಿನ ಚಲನಚಿತ್ರ ಸಂಸ್ಥೆಯಲ್ಲಿ. ತೀರಿಕೊಂಡಿದ್ದು 2001ರ ಡಿಸೆಂಬರ್‌ನಲ್ಲಿ.

ಇದು ಒಬ್ಬರ ಕಥೆ ಮಾತ್ರ ಅಲ್ಲ. 1969ರಿಂದ ಕೊಡುತ್ತಿರುವ ಫಾಲ್ಕೆ ಪ್ರಶಸ್ತಿ ಮೊದಲ ಬಾರಿ ಒಬ್ಬ ಛಾಯಾಗ್ರಾಹಕರಿಗೆ ಬಂದಿದ್ದು 2008ನೇ ಸಾಲಿನಲ್ಲಿ, ನಮ್ಮ ಮೈಸೂರಿನ ವಿ.ಕೆ. ಮೂರ್ತಿ ಅವರಿಗೆ. ಅಷ್ಟೊತ್ತಿಗೆ ಮಿತ್ರ ಇರಲಿಲ್ಲ.

ತಪ್ಪು ನನ್ನದೂ ಇದೆ. ಪತ್ರಕರ್ತನಾದ ಹೊಸದರಲ್ಲಿ ಒಂದು ಲೇಖನದಲ್ಲಿ ರೇ ಅವರ ಬೆಳಕು ಅಂತ ಹಾಡಿ ಹೊಗಳಿದ್ದೆ, ಮಿತ್ರ ಅವರ ಹೆಸರನ್ನೇ ಬರೆದಿರಲಿಲ್ಲ. ದುಡಿದವರ ಹೆಸರು ಕಾಣಬೇಕು ಅಂತ ಕಾರ್ಖಾನೆಯ ಬಗ್ಗೆ, ಆ್ಯಪ್ ಕಂಪನಿಗಳ ಬಗ್ಗೆ ಬರೆಯುವ ನಾವು, ಸಿನಿಮಾ ಮುಗಿದು ಹೆಸರುಗಳು ಓಡುವಾಗ ಎದ್ದು ಹೋಗ್ತೀವಿ. ಇನ್ನು ಮುಂದೆ ಎರಡು ನಿಮಿಷ ಕೂತಿರೋಣ.