ಆಚಾರ್ಯ ಬಿ.ಎಂ. ಶ್ರೀಕಂಠಯ್ಯ: ಸೋತವರ ಯುದ್ಧವನ್ನು ಕನ್ನಡ ನಾಟಕಕ್ಕೆ ತಂದವರು

ಹೊಸಗನ್ನಡ ಸಾಹಿತ್ಯದ ಆಚಾರ್ಯಪುರುಷರಲ್ಲಿ ಅಗ್ರಗಣ್ಯರಾದ ಬೆಳ್ಳೂರು ಮೈಲಾರಯ್ಯ ಶ್ರೀಕಂಠಯ್ಯನವರು 1884ರ ಜನವರಿ 3ರಂದು ತುಮಕೂರು ಜಿಲ್ಲೆಯ ತುರುವೇಕೆರೆ ತಾಲ್ಲೂಕಿನ ಸಂಪಿಗೆ ಗ್ರಾಮದಲ್ಲಿ ಜನಿಸಿದರು. ‘ಶ್ರೀ’ ಎಂಬುದು ಅವರ ಕಾವ್ಯನಾಮ. ತಂದೆ ಮೈಲಾರಯ್ಯನವರು ಶ್ರೀರಂಗಪಟ್ಟಣದಲ್ಲಿ ವಕೀಲರಾಗಿದ್ದರು, ತಾಯಿ ಭಾಗೀರಥಮ್ಮ. ಮನೆತನದ ಊರು ನಾಗಮಂಗಲ ತಾಲ್ಲೂಕಿನ ಬೆಳ್ಳೂರು.

ಶ್ರೀಯವರ ಹೆಸರು ಕೇಳಿದೊಡನೆ ನೆನಪಾಗುವುದು ‘ಇಂಗ್ಲಿಷ್ ಗೀತಗಳು’ ಸಂಕಲನ. ಆದರೆ ಅವರು ರಚಿಸಿದ ನಾಟಕಗಳ ಕಡೆಗೆ ಸಾಮಾನ್ಯ ಓದುಗರ ಗಮನ ಅಷ್ಟಾಗಿ ಹರಿದಿಲ್ಲ. ‘ಗದಾಯುದ್ಧ ನಾಟಕಂ’ (1926), ‘ಅಶ್ವತ್ಥಾಮನ್’ (1929) ಮತ್ತು ‘ಪಾರಸಿಕರು’ (1935) ಎಂಬ ಈ ಮೂರೂ ಕೃತಿಗಳ ವಸ್ತು ಯುದ್ಧ. ಮೂರರಲ್ಲಿಯೂ ಕಥೆಯ ಕೇಂದ್ರದಲ್ಲಿರುವವರು ಗೆದ್ದವರಲ್ಲ, ಸೋತವರು. ಇದನ್ನು ಆಕಸ್ಮಿಕವೆಂದು ಭಾವಿಸುವುದು ಕಷ್ಟ.

ಶ್ರೀಯವರ ಬಾಲ್ಯದ ವಿದ್ಯಾಭ್ಯಾಸ ಶ್ರೀರಂಗಪಟ್ಟಣದಲ್ಲಿ ನಡೆಯಿತು. 1799ರ ಮೇ 4ರಂದು ಟಿಪ್ಪು ಸುಲ್ತಾನನು ಹೋರಾಡುತ್ತ ಮಡಿದ, ಅಂದಿನಿಂದ ರಾಜಧಾನಿಯ ಪಟ್ಟವನ್ನು ಕಳೆದುಕೊಂಡ ಊರು ಅದು. ಬಿರುಕುಬಿಟ್ಟ ಕೋಟೆಗೋಡೆಗಳ ನಡುವೆ ಬೆಳೆದ ಹುಡುಗನಿಗೆ ಸೋಲು ಎಂಬುದು ಪುಸ್ತಕದಿಂದ ಕಲಿಯಬೇಕಾದ ಪದವಾಗಿರಲಾರದು. ಮುಂದೆ ಮೈಸೂರು ಹಾಗೂ ಬೆಂಗಳೂರಿನ ಸೆಂಟ್ರಲ್ ಕಾಲೇಜಿನಲ್ಲಿ ವ್ಯಾಸಂಗ ಮಾಡಿ, ಮದರಾಸಿನಲ್ಲಿ ಕಾನೂನು ಪದವಿಯನ್ನೂ ಎಂ.ಎ. ಪದವಿಯನ್ನೂ ಪಡೆದರು. ವಕೀಲ ವೃತ್ತಿಯನ್ನು ಹಿಡಿಯದೆ ಮೈಸೂರಿನ ಮಹಾರಾಜಾ ಕಾಲೇಜಿನಲ್ಲಿ ಇಂಗ್ಲಿಷ್ ಅಧ್ಯಾಪಕರಾದರು. ಕುವೆಂಪು, ತೀ.ನಂ. ಶ್ರೀಕಂಠಯ್ಯ, ಎಸ್.ವಿ. ರಂಗಣ್ಣ, ಎ.ಎನ್. ಮೂರ್ತಿರಾವ್ ಮೊದಲಾದ ಶಿಷ್ಯರನ್ನು ರೂಪಿಸಿದ ಕಾರಣಕ್ಕೆ ಅವರಿಗೆ ‘ಕನ್ನಡದ ಕಣ್ವ’ ಎಂಬ ಬಿರುದು ಸಂದಿತು. 1911ರಲ್ಲಿ ಧಾರವಾಡದ ಕರ್ನಾಟಕ ವಿದ್ಯಾವರ್ಧಕ ಸಂಘದಲ್ಲಿ ಕನ್ನಡದ ಏಳಿಗೆಯ ಮಾರ್ಗವನ್ನು ಕುರಿತು ಅವರು ನೀಡಿದ ಉಪನ್ಯಾಸವು ನಾಡಿನ ವಿದ್ಯಾವಂತರನ್ನು ಎಚ್ಚರಿಸಿತು. ಇಂಗ್ಲಿಷ್ ಬೋಧಿಸುವವರೇ ಕನ್ನಡದ ಪರವಾಗಿ ನಿಂತದ್ದು ಆ ಕಾಲಕ್ಕೆ ಸಣ್ಣ ಸಂಗತಿಯಲ್ಲ.

ಆ ದಿನಗಳ ರಂಗಭೂಮಿಯಲ್ಲಿ ಯುದ್ಧಕ್ಕೆ ಕೊರತೆಯಿರಲಿಲ್ಲ. ಯಕ್ಷಗಾನ ಮತ್ತು ಮೂಡಲಪಾಯ ಬಯಲಾಟಗಳಲ್ಲಿ ಯುದ್ಧದ ಕುಣಿತವೇ ಇರುಳಿನ ಆಕರ್ಷಣೆ. ಹಳೆಯ ಮೈಸೂರು ಸೀಮೆಯ ಹಳ್ಳಿಗಳಲ್ಲಿ ಇಂದಿಗೂ ಜಾತ್ರೆ, ಹಬ್ಬಗಳಿಗೆ ಹಾರ್ಮೋನಿಯಂ ಮೇಷ್ಟರನ್ನು ಕರೆಸಿ ‘ಕುರುಕ್ಷೇತ್ರ’ ಆಡುವ ರೂಢಿಯಿದೆ; ಅದರಲ್ಲಿ ದುರ್ಯೋಧನನ ಪಾತ್ರಕ್ಕೆ ಪೈಪೋಟಿಯೂ ಇರುತ್ತದೆ. ಗುಬ್ಬಿ ವೀರಣ್ಣನವರ ಕಂಪನಿಯ ‘ಕುರುಕ್ಷೇತ್ರ’ದಲ್ಲಿ ನಿಜವಾದ ಆನೆ ಕುದುರೆಗಳೇ ರಂಗಕ್ಕೆ ಬರುತ್ತಿದ್ದವು. ಇವೆಲ್ಲವೂ ಯುದ್ಧವನ್ನು ಕಣ್ಣಿಗೆ ಕಟ್ಟುವ ಕ್ರಮಗಳು. ಯುದ್ಧ ಮುಗಿದ ಮರುದಿನ ಉಳಿದವರ ಪಾಡೇನು ಎಂಬ ಪ್ರಶ್ನೆಯನ್ನು ಶ್ರೀಯವರು ತಮ್ಮ ನಾಟಕಗಳ ವಸ್ತುವಾಗಿ ಆರಿಸಿಕೊಂಡರು. ಸಂಸ್ಕೃತದಲ್ಲಿ ಭಾಸನ ಹೆಸರಿನ ‘ಊರುಭಂಗ’ವು ಸಾಯುತ್ತಿರುವ ದುರ್ಯೋಧನನನ್ನು ಆಗಲೇ ರಂಗದ ಮೇಲೆ ತಂದಿತ್ತೆಂಬುದನ್ನು ಇಲ್ಲಿ ನೆನೆಯಬೇಕು, ತಿರುವನಂತಪುರದ ಟಿ. ಗಣಪತಿ ಶಾಸ್ತ್ರಿಗಳು ಭಾಸನ ನಾಟಕಗಳನ್ನು ಪ್ರಕಟಿಸಿದ್ದು ಇಪ್ಪತ್ತನೆಯ ಶತಮಾನದ ಎರಡನೆಯ ದಶಕದಲ್ಲಿ.

‘ಗದಾಯುದ್ಧ ನಾಟಕಂ’ ಹತ್ತನೆಯ ಶತಮಾನದ ಕವಿ ರನ್ನನ ‘ಸಾಹಸಭೀಮವಿಜಯ’ ಕಾವ್ಯದಿಂದ ರೂಪುಗೊಂಡಿತು. ಮುದುವೊಳಲಿನ, ಅಂದರೆ ಇಂದಿನ ಮುಧೋಳದ, ರನ್ನನು ಚಾಲುಕ್ಯರ ಆಸ್ಥಾನಕವಿ. ತನಗೆ ಆಶ್ರಯ ನೀಡಿದ ಸತ್ಯಾಶ್ರಯನನ್ನು ಭೀಮನೊಡನೆ ಸಮೀಕರಿಸಿ ಕಾವ್ಯ ಬರೆದವನು. ಆದ್ದರಿಂದ ಅದರ ನಾಯಕ ಭೀಮ, ಅದು ಮುಗಿಯುವುದು ಭೀಮನ ಪಟ್ಟಾಭಿಷೇಕದಲ್ಲಿ. ಆದರೆ ಅದೇ ಕಾವ್ಯದಲ್ಲಿ ದುರ್ಯೋಧನನು ಸಂಜಯನೊಡನೆ ಹೆಣಗಳ ನಡುವೆ ಎಡವುತ್ತ ನಡೆಯುವ ಭಾಗವಿದೆ. ಗುರು ದ್ರೋಣ, ಮಗ ಲಕ್ಷಣಕುಮಾರ, ತಮ್ಮ ದುಶ್ಶಾಸನ, ಗೆಳೆಯ ಕರ್ಣ ಹೀಗೆ ಒಬ್ಬೊಬ್ಬರ ಶವದ ಮುಂದೆಯೂ ಅವನು ನಿಲ್ಲುತ್ತಾನೆ. ಶತ್ರುಪಕ್ಷದ ಬಾಲಕ ಅಭಿಮನ್ಯುವಿನ ಮುಂದೆಯೂ ನಿಂತು, ಅವನ ಶೌರ್ಯಕ್ಕೆ ಕೈಮುಗಿದು, ತನಗೂ ಅಂಥ ಮರಣ ದೊರೆಯಲೆಂದು ಬಯಸುತ್ತಾನೆ. ಇದು ರನ್ನನ ಔದಾರ್ಯ. ಶ್ರೀಯವರು ರನ್ನನ ಪದ್ಯಗದ್ಯಗಳನ್ನೇ ಆಯ್ದು, ಅಂಕ ದೃಶ್ಯಗಳಾಗಿ ಜೋಡಿಸಿ, ಭೀಮನ ವಿಜಯಕ್ಕಿಂತ ದುರ್ಯೋಧನನ ಪತನವೇ ಪ್ರಧಾನವಾಗುವಂತೆ ಮಾಡಿದರು. ಮಾತುಗಳು ಬಹುಪಾಲು ಹಳೆಯವು, ನಾಯಕ ಬದಲಾದನು. ಸಂಪಾದನೆಯ ಕೆಲಸವೂ ಒಂದು ಸೃಷ್ಟಿಯಾಗಬಲ್ಲುದು ಎಂಬುದಕ್ಕೆ ಇದು ಉತ್ತಮ ನಿದರ್ಶನ.

ಮೂರು ವರ್ಷಗಳ ನಂತರ ಬಂದ ‘ಅಶ್ವತ್ಥಾಮನ್’ ಇನ್ನೂ ದಿಟ್ಟ ಪ್ರಯೋಗ. ಇದಕ್ಕೆ ಮೂಲ ಗ್ರೀಕ್ ನಾಟಕಕಾರ ಸೊಫೊಕ್ಲಿಸ್‌ನ ‘ಅಯಾಸ್’. ಟ್ರಾಯ್ ಯುದ್ಧದಲ್ಲಿ ಅಖಿಲೀಸ್ ಮಡಿದ ಮೇಲೆ ಅವನ ಆಯುಧಗಳು ತನಗೆ ಸಿಗದೆ ಒಡಿಸ್ಯೂಸ್‌ಗೆ ಸಂದಾಗ, ಅವಮಾನಗೊಂಡ ಅಯಾಸ್ ತನ್ನ ಪಕ್ಷದ ನಾಯಕರನ್ನೇ ಕೊಲ್ಲಲು ಹೊರಡುತ್ತಾನೆ. ದೇವತೆ ಅಥೀನಾ ಅವನಿಗೆ ಮತಿಭ್ರಮೆ ಉಂಟುಮಾಡುತ್ತಾಳೆ. ದನಕುರಿಗಳನ್ನು ಶತ್ರುಗಳೆಂದು ತಿಳಿದು ಕಡಿಯುತ್ತಾನೆ. ಎಚ್ಚರಗೊಂಡಾಗ ನಾಚಿಕೆಯಿಂದ ತನ್ನ ಕತ್ತಿಯ ಮೇಲೆಯೇ ಬಿದ್ದು ಸಾಯುತ್ತಾನೆ. ನಾಟಕದ ಉತ್ತರಾರ್ಧವೆಲ್ಲ ಅವನ ಶವಸಂಸ್ಕಾರ ಆಗಬೇಕೋ ಬೇಡವೋ ಎಂಬ ವಾದ. ಕೊನೆಗೆ ವೈರಿ ಒಡಿಸ್ಯೂಸ್‌ನೇ ಮುಂದೆ ಬಂದು ಮೃತವೀರನಿಗೆ ಸಲ್ಲಬೇಕಾದ ಮರ್ಯಾದೆಯನ್ನು ಕೊಡಿಸುತ್ತಾನೆ. ಇದನ್ನು ಬರೆದ ಸೊಫೊಕ್ಲಿಸ್ ಸ್ವತಃ ಅಥೆನ್ಸ್ ನಗರದ ಸೇನಾಪತಿಗಳಲ್ಲಿ ಒಬ್ಬನಾಗಿ ಸೇವೆ ಸಲ್ಲಿಸಿದ್ದವನು.

ಶ್ರೀಯವರು ಈ ಕಥೆಯನ್ನು ಕುರುಕ್ಷೇತ್ರಕ್ಕೆ ತಂದರು. ನಿದ್ದೆಯಲ್ಲಿದ್ದ ಪಾಂಡವರ ಪಾಳೆಯಕ್ಕೆ ನುಗ್ಗಿ ಇರುಳಿನಲ್ಲಿ ಹತ್ಯೆ ನಡೆಸಿದ ಅಶ್ವತ್ಥಾಮನು ಅಯಾಸ್‌ನ ಸ್ಥಾನಕ್ಕೆ ಸಹಜವಾಗಿಯೇ ಹೊಂದುತ್ತಾನೆ. ಆದರೆ ಪರಂಪರೆಯಲ್ಲಿ ಅವನು ಚಿರಂಜೀವಿ. ಶಾಪ ಹೊತ್ತು ಇಂದಿಗೂ ಅಲೆಯುತ್ತಿರುವವನು. ನಾಟಕದಲ್ಲಿ ಅವನು ತನ್ನ ಕೈಯಿಂದಲೇ ಸಾಯುತ್ತಾನೆ. ಪುರಾಣವನ್ನು ಹೀಗೆ ಬದಲಿಸಬಹುದೇ ಎಂಬ ಆಕ್ಷೇಪ ವಿದ್ವತ್ ವಲಯದಲ್ಲಿ ಬಂದುದು ಸಹಜ. ಆಕ್ಷೇಪದಲ್ಲಿ ಹುರುಳಿಲ್ಲವೆನ್ನಲಾಗದು. ಆದರೂ ಸಾವಿಲ್ಲದವನಿಗೆ ಸಾವನ್ನು ಕೊಟ್ಟದ್ದರಿಂದ, ಯುದ್ಧದ ಭ್ರಮೆ ಇಳಿದ ಮೇಲೆ ತಾನು ಮಾಡಿದ್ದೇನೆಂಬುದನ್ನು ಕಣ್ತೆರೆದು ಕಾಣುವ ಯೋಧನ ಸಂಕಟ ನಾಟಕದಲ್ಲಿ ಪೂರ್ಣವಾಗಿ ಮೂಡಿತು ಎಂಬುದನ್ನೂ ಒಪ್ಪಬೇಕಾಗುತ್ತದೆ.

‘ಪಾರಸಿಕರು’ ಇಸ್ಕಿಲಸ್‌ನ ನಾಟಕದ ಅನುವಾದ. ಇದರ ಹಿನ್ನೆಲೆಯನ್ನು ಸ್ವಲ್ಪ ವಿವರವಾಗಿ ತಿಳಿಯುವುದು ಅಗತ್ಯ. ಕ್ರಿಸ್ತಪೂರ್ವ 480ರಲ್ಲಿ ಪರ್ಷಿಯಾದ ದೊರೆ ಕ್ಸೆರ್ಕ್ಸಿಸ್ ಅಥೆನ್ಸ್ ನಗರವನ್ನು ಸುಟ್ಟನು. ಅದೇ ವರ್ಷ ಸಲಾಮಿಸ್ ಜಲಸಂಧಿಯಲ್ಲಿ ಅವನ ನೌಕಾಪಡೆ ಸೋತಿತು. ಎಂಟು ವರ್ಷಗಳ ಬಳಿಕ, ಕ್ರಿಸ್ತಪೂರ್ವ 472ರಲ್ಲಿ, ಈ ನಾಟಕ ಅಥೆನ್ಸಿನಲ್ಲಿ ಪ್ರದರ್ಶನಗೊಂಡು ಬಹುಮಾನ ಪಡೆಯಿತು. ಪ್ರೇಕ್ಷಕರಲ್ಲಿ ಅನೇಕರು ಆ ಕಾಳಗದಲ್ಲಿ ಹೋರಾಡಿದವರು. ಇಸ್ಕಿಲಸ್ ಕೂಡ ಮ್ಯಾರಥಾನ್ ಯುದ್ಧದ ಯೋಧ. ಅವನ ಸೋದರ ಅಲ್ಲಿಯೇ ಮಡಿದನು. ಹೀಗಿದ್ದರೂ ನಾಟಕ ನಡೆಯುವುದು ಗೆದ್ದ ಅಥೆನ್ಸಿನಲ್ಲಿ ಅಲ್ಲ, ಸೋತ ಪರ್ಷಿಯಾದ ಅರಮನೆಯಲ್ಲಿ. ಗ್ರೀಕ್ ವೀರನೊಬ್ಬನ ಹೆಸರೂ ಅದರಲ್ಲಿಲ್ಲ. ರಾಜಮಾತೆಗೆ ಕೆಟ್ಟ ಕನಸು ಬೀಳುತ್ತದೆ. ದೂತ ಬಂದು ಸೋಲಿನ ಸುದ್ದಿ ಹೇಳುತ್ತಾನೆ, ಮಡಿದ ಪರ್ಷಿಯನ್ ನಾಯಕರ ಹೆಸರುಗಳನ್ನು ಒಂದೊಂದಾಗಿ ಎಣಿಸುತ್ತಾನೆ. ದಿವಂಗತ ದೊರೆ ಡೇರಿಯಸ್‌ನ ಪ್ರೇತ ಎದ್ದು ಬಂದು ಮಗನ ಉದ್ಧಟತನವನ್ನು ಹಳಿಯುತ್ತದೆ. ಕೊನೆಗೆ ಹರಿದ ಬಟ್ಟೆಯಲ್ಲಿ ಕ್ಸೆರ್ಕ್ಸಿಸ್ ಬರುತ್ತಾನೆ, ಹಿರಿಯರ ಮೇಳದೊಡನೆ ಗೋಳಾಡುತ್ತಾನೆ. ರಂಗದ ಮೇಲೆ ಒಂದು ಬಾಣವೂ ಹಾರುವುದಿಲ್ಲ.

ಯುದ್ಧವನ್ನು ರಂಗದ ಮೇಲೆ ನೆನೆಯುವುದು ಗ್ರೀಕರಿಗೂ ಸುಲಭವಾಗಿರಲಿಲ್ಲ. ಫ್ರಿನಿಕಸ್ ಎಂಬ ನಾಟಕಕಾರನು ಮಿಲೆಟಸ್ ನಗರದ ಪತನವನ್ನು ನಾಟಕವಾಗಿಸಿದಾಗ ಪ್ರೇಕ್ಷಕರು ಕಣ್ಣೀರಿಟ್ಟರೆಂದೂ, ತಮ್ಮವರ ದುಃಖವನ್ನು ಮತ್ತೆ ಕೆದಕಿದ ತಪ್ಪಿಗೆ ಅವನಿಗೆ ಒಂದು ಸಾವಿರ ದ್ರಾಕ್ಮಾ ದಂಡ ವಿಧಿಸಿದರೆಂದೂ ಇತಿಹಾಸಕಾರ ಹೆರೊಡೊಟಸ್ ದಾಖಲಿಸಿದ್ದಾನೆ. ತಮ್ಮ ಕಡೆಯವರ ಸೋಲನ್ನು ತೋರಿಸಿದವನಿಗೆ ದಂಡ. ಶತ್ರುವಿನ ಸೋಲನ್ನು ಶತ್ರುವಿನ ಕಣ್ಣಿನಿಂದ ತೋರಿಸಿದವನಿಗೆ ಬಹುಮಾನ.

ಶ್ರೀಯವರ ನಾಟಕಗಳಿಗೆ ಒಂದು ಮಿತಿಯೂ ಉಂಟು. ಕವಿತೆಗೆ ತಿಳಿಯಾದ ಹೊಸಗನ್ನಡವನ್ನು ತಂದವರು ನಾಟಕಕ್ಕೆ ಹಳಗನ್ನಡದ ಬಿಗಿಯನ್ನು ಆರಿಸಿಕೊಂಡರು. ದುರಂತದ ಗಾಂಭೀರ್ಯಕ್ಕೆ ಅದು ತಕ್ಕದ್ದಾದರೂ, ಆ ಭಾಷೆಯ ಕಾರಣದಿಂದ ಈ ಕೃತಿಗಳು ರಂಗಮಂದಿರಕ್ಕಿಂತ ತರಗತಿಯ ಕೊಠಡಿಯಲ್ಲಿಯೇ ಹೆಚ್ಚು ಉಳಿದವು. ಕಂಪನಿ ನಾಟಕದ ಪ್ರೇಕ್ಷಕನನ್ನು ಅವು ತಲುಪಲಿಲ್ಲ. ಆದರೆ ಬರಹಗಾರರನ್ನು ತಲುಪಿದವು. ಶಿಷ್ಯ ಕುವೆಂಪು ಅವರು 1931ರಲ್ಲಿ ಪ್ರಕಟಿಸಿದ ‘ಸ್ಮಶಾನ ಕುರುಕ್ಷೇತ್ರಂ’ ಯುದ್ಧ ಮುಗಿದ ರಣಭೂಮಿಯ ಶೋಕವನ್ನೇ ವಸ್ತುವಾಗಿಸಿಕೊಂಡಿತು.

ಇವುಗಳ ಜೊತೆಯಲ್ಲಿಯೇ ಶ್ರೀಯವರ ಆಡಳಿತ ಸೇವೆಯೂ ನಡೆದಿತ್ತು. 1926ರಲ್ಲಿ ಮೈಸೂರು ವಿಶ್ವವಿದ್ಯಾನಿಲಯದ ಕುಲಸಚಿವರಾದರು. ಅವರ ಅವಧಿಯಲ್ಲಿ, 1927ರಲ್ಲಿ, ಕನ್ನಡ ಎಂ.ಎ. ತರಗತಿ ಆರಂಭವಾಯಿತು. 1928ರಲ್ಲಿ ಕಲಬುರಗಿಯ ಕನ್ನಡ ಸಾಹಿತ್ಯ ಸಮ್ಮೇಳನದ ಅಧ್ಯಕ್ಷತೆ ವಹಿಸಿದರು. 1938ರಿಂದ ಕನ್ನಡ ಸಾಹಿತ್ಯ ಪರಿಷತ್ತಿನ ಉಪಾಧ್ಯಕ್ಷರಾಗಿ ‘ಕನ್ನಡ ನುಡಿ’ ಪತ್ರಿಕೆಗೆ ಕಾರಣರಾದರು. ಅದೇ ವರ್ಷ ಮೈಸೂರು ಮಹಾರಾಜರು ‘ರಾಜಸೇವಾಸಕ್ತ’ ಬಿರುದನ್ನಿತ್ತು ಗೌರವಿಸಿದರು. 1941ರಲ್ಲಿ ಶಿಷ್ಯರೂ ಅಭಿಮಾನಿಗಳೂ ‘ಸಂಭಾವನೆ’ ಗ್ರಂಥವನ್ನು ಅರ್ಪಿಸಿದರು.

ನಿವೃತ್ತಿಯ ಬಳಿಕ ಶ್ರೀಯವರು ಧಾರವಾಡಕ್ಕೆ ತೆರಳಿ ಅಲ್ಲಿನ ಕಾಲೇಜಿನ ಪ್ರಾಂಶುಪಾಲರಾದರು. ತಾರುಣ್ಯದಲ್ಲಿ ಕನ್ನಡದ ಪರವಾಗಿ ಮೊದಲು ದನಿಯೆತ್ತಿದ ಊರಿನಲ್ಲಿಯೇ, ಎರಡನೆಯ ಮಹಾಯುದ್ಧ ಕೊನೆಗೊಂಡ ನಾಲ್ಕು ತಿಂಗಳ ತರುವಾಯ, 1946ರ ಜನವರಿ 5ರಂದು ಅವರು ನಿಧನ ಹೊಂದಿದರು. ಮೂರೂ ನಾಟಕಗಳು ‘ಶ್ರೀ ಸಾಹಿತ್ಯ’ ಸಂಪುಟದಲ್ಲಿ ಸೇರಿದ್ದು, ಆಸಕ್ತರು ಗ್ರಂಥಾಲಯಗಳಲ್ಲಿ ಪರಾಮರ್ಶಿಸಬಹುದಾಗಿದೆ. ಹಳಗನ್ನಡದ ಪರಿಚಯ ಕಡಿಮೆಯಿರುವವರು ‘ಗದಾಯುದ್ಧ ನಾಟಕಂ’ನ ರಣರಂಗದ ದೃಶ್ಯದಿಂದ ಓದನ್ನು ಆರಂಭಿಸುವುದು ಅನುಕೂಲ.