ಜರ್ಮನ್ ಉಪಭಾಷೆಗಳ ನಕಾಶೆಕಾರ ಗೆಯೋರ್ಗ್ ವೆಂಕರ್

ಉಪಭಾಷೆಗಳ ಅಧ್ಯಯನದ ಚರಿತ್ರೆಯಲ್ಲಿ ಗೆಯೋರ್ಗ್ ವೆಂಕರ್ ಅವರದು ಚಿರಪರಿಚಿತ ಹೆಸರು. ರೈನ್ ನದಿತೀರದ ಡ್ಯುಸೆಲ್‌ಡಾರ್ಫ್ ನಗರದಲ್ಲಿ 1852ರಲ್ಲಿ ಜನಿಸಿದ ಅವರು 1876ರಲ್ಲಿ ಟ್ಯೂಬಿಂಗೆನ್ ವಿಶ್ವವಿದ್ಯಾಲಯದ ಡಾಕ್ಟರೇಟ್ ಪಡೆದರು. ಮುಂದೆ ಮಾರ್ಬುರ್ಗ್ ವಿಶ್ವವಿದ್ಯಾಲಯದ ಗ್ರಂಥಾಲಯದಲ್ಲಿ ಉದ್ಯೋಗಿಯಾಗಿ, ಆ ಊರಿನಲ್ಲೇ ನೆಲೆಸಿದರು.

ಜರ್ಮನ್ ಉಪಭಾಷೆಗಳನ್ನು ಉತ್ತರದ ಬಯಲಿನ ಕೆಳ ಜರ್ಮನ್, ನಡುನಾಡಿನ ಮಧ್ಯ ಜರ್ಮನ್, ದಕ್ಷಿಣದ ಬೆಟ್ಟಸೀಮೆಯ ಮೇಲಣ ಜರ್ಮನ್ ಎಂದು ವಿಂಗಡಿಸುವುದು ರೂಢಿ. ಮೇಲು, ಕೆಳಗು ಎಂಬುದಿಲ್ಲಿ ಅಂತಸ್ತಿನ ಮಾತಲ್ಲ, ನೆಲದ ಏರುತಗ್ಗಿನ ಮಾತು. 'ಮಾಡು' ಎಂಬರ್ಥದ ಪದ ಉತ್ತರದಲ್ಲಿ 'ಮಾಕೆನ್', ದಕ್ಷಿಣದಲ್ಲಿ 'ಮಾಖೆನ್'. ಇಂತಹ ವ್ಯತ್ಯಾಸಗಳ ಗಡಿ ನಿಖರವಾಗಿ ಎಲ್ಲಿದೆ ಎಂಬುದೇ ವೆಂಕರ್ ಅವರ ಜಿಜ್ಞಾಸೆಯಾಗಿತ್ತು.

1876ರಲ್ಲಿ ಅವರು ರೈನ್ ಪ್ರಾಂತದ ಶಾಲಾ ಶಿಕ್ಷಕರಿಗೆ 42 ಸರಳ ವಾಕ್ಯಗಳನ್ನು ಕಳುಹಿಸಿ, ಅವನ್ನು ತಮ್ಮೂರಿನ ಆಡುನುಡಿಯಲ್ಲಿ ಬರೆದು ಕೊಡಬೇಕೆಂದು ಕೋರಿದರು. ಚಳಿಗಾಲದ ತರಗೆಲೆ, ಮಂಜುಗಡ್ಡೆ ಒಡೆದು ಕುದುರೆಯೊಡನೆ ನೀರಿಗೆ ಬಿದ್ದ ಮುದುಕ, ಇಂತಹ ನಿತ್ಯಜೀವನದ ಸಂಗತಿಗಳೇ ವಾಕ್ಯಗಳ ವಸ್ತು. ಮುಂದೆ ವಾಕ್ಯಗಳು 40ಕ್ಕಿಳಿದು, ಸಮೀಕ್ಷೆ ಇಡೀ ಜರ್ಮನ್ ಸಾಮ್ರಾಜ್ಯಕ್ಕೆ ವಿಸ್ತರಿಸಿತು. 1887ರ ವೇಳೆಗೆ 40,000ಕ್ಕೂ ಹೆಚ್ಚು ಊರುಗಳ ಉತ್ತರಗಳು ಸಂಗ್ರಹವಾಗಿದ್ದವು. ಶಾಖೆಗಳಿಂದ ಬಂದ ತಖ್ತೆಗಳನ್ನು ತಾಳೆ ನೋಡುತ್ತ ಆಯುಷ್ಯ ಸವೆಸಿದ ನಮ್ಮಂತಹ ಬ್ಯಾಂಕ್ ನೌಕರರಿಗೆ ಈ ಪರಿಶ್ರಮದ ಭಾರ ಸುಲಭವಾಗಿ ಅರ್ಥವಾದೀತು. ಶಿಕ್ಷಕರು ಧ್ವನಿಶಾಸ್ತ್ರ ಬಲ್ಲವರಲ್ಲ, ಸಾಮಾನ್ಯ ಲಿಪಿಯಲ್ಲೇ ಬರೆದರು ಎಂಬ ಆಕ್ಷೇಪವಿದೆ. ಆದರೆ ಇಷ್ಟು ಊರುಗಳಿಗೆ ತಜ್ಞರನ್ನೇ ಕಳುಹಿಸುವುದು ಆ ಕಾಲದಲ್ಲಿ ಆಗುವ ಮಾತಾಗಿರಲಿಲ್ಲ.

ವೆಂಕರ್ ನಿರೀಕ್ಷಿಸಿದ್ದು ಸ್ಪಷ್ಟವಾದ ಗಡಿರೇಖೆಗಳನ್ನು. ನಕಾಶೆ ತೋರಿಸಿದ್ದು ಬೇರೆಯೇ. ಒಂದೊಂದು ಪದವೂ ತನ್ನದೇ ರೇಖೆ ಎಳೆದಿತ್ತು. ಪೂರ್ವದಲ್ಲಿ ಬಹುಮಟ್ಟಿಗೆ ಒಟ್ಟಾಗಿ ಸಾಗಿಬಂದ ರೇಖೆಗಳು ರೈನ್ ಪ್ರದೇಶದಲ್ಲಿ ಬೀಸಣಿಗೆಯಂತೆ ಬಿಚ್ಚಿಕೊಂಡಿದ್ದವು. 'ನಾನು' ಎಂಬ ಪದದ ರೇಖೆ ಡ್ಯುಸೆಲ್‌ಡಾರ್ಫಿನ ಉತ್ತರಕ್ಕೂ 'ಮಾಡು' ಎಂಬುದರ ರೇಖೆ ದಕ್ಷಿಣಕ್ಕೂ ಹಾದು, ಅವರ ಹುಟ್ಟೂರೇ ಎರಡರ ನಡುವೆ ಉಳಿದಿತ್ತು. ಆದರೂ ಅವರು ರೇಖೆಗಳನ್ನು ತಿದ್ದಿ ನೇರಗೊಳಿಸಲಿಲ್ಲ. ಕಂಡದ್ದನ್ನು ಕಂಡಂತೆ ಬಣ್ಣಬಣ್ಣದ ಶಾಯಿಯಲ್ಲಿ ದಾಖಲಿಸಿದರು. ಇದೇ ಅವರ ದೊಡ್ಡತನವೆಂದು ನನ್ನ ಭಾವನೆ.

1881ರಲ್ಲಿ ಮುದ್ರಣ ಕಂಡ ಮೊದಲ ಕಂತು ಮುಂದುವರಿಯಲಿಲ್ಲ. 1911ರಲ್ಲಿ ವೆಂಕರ್ ನಿಧನರಾದಾಗ ಸಾವಿರಾರು ಗಂಟೆಗಳ ದುಡಿಮೆಯ ಆ ನಕಾಶೆಗಳು ಹಸ್ತಪ್ರತಿಗಳಾಗಿಯೇ ಉಳಿದಿದ್ದವು. ಆಯ್ದ ಕೆಲವು 1927ರಿಂದ 1956ರವರೆಗೆ ಅಚ್ಚಾದವು. ಕೈಬರಹದ 1,600ಕ್ಕೂ ಹೆಚ್ಚು ಹಾಳೆಗಳು ಸಾರ್ವಜನಿಕರ ಕಣ್ಣಿಗೆ ಬೀಳತೊಡಗಿದ್ದು 2001ರಲ್ಲಿ ಮಾರ್ಬುರ್ಗಿನ ವಿದ್ವಾಂಸರು ಅಂತರಜಾಲಕ್ಕೆ ಅಳವಡಿಸುವ ಕಾರ್ಯ ಕೈಗೊಂಡ ಮೇಲೆ.